ಬಳ್ಳಾರಿಯಲ್ಲಿ ಮಲಗಿದ ಅಂಚೆಚೀಲ

ಎಂಬತ್ತರ ದಶಕದ ಒಂದು ರಾತ್ರಿ ಪಾಳಿ. ಕಾಗದ ವಿಂಗಡಿಸುತ್ತಾ ನಿಂತಿದ್ದವನ ಕೈಗೆ ಒಂದು ಲಗ್ನಪತ್ರಿಕೆ ಬಂತು. ನಾಲ್ಕೂ ಮೂಲೆಗೆ ಅರಿಶಿನ, ದುಂಡನೆಯ ಅಕ್ಷರ. ವಿಳಾಸದ ಮೂರನೇ ಸಾಲಿನಲ್ಲಿ ‘ಶ್ರೀ ಸುರಂಜನದಾಸರ ರಸ್ತೆ, ಬೆಂಗಳೂರು’ ಎಂದಿತ್ತು. ಪುರಂದರದಾಸರು, ವಿಜಯದಾಸರು, ಜಗನ್ನಾಥದಾಸರು ಇದ್ದ ನಾಡಿನಲ್ಲಿ ಸುರಂಜನದಾಸರೂ ಒಬ್ಬರು ಆಗಿಹೋಗಿರಬೇಕು ಎಂದು ಬರೆದವರು ನಂಬಿದ್ದರು. ಪಕ್ಕದಲ್ಲಿ ನಿಂತಿದ್ದ ಹಿರಿಯರಿಗೆ ತೋರಿಸಿದೆ. ಕನ್ನಡಕ ಏರಿಸಿ ಓದಿ, ‘ಇವರ ಅಂಕಿತ ಯಾವುದೋ?’ ಅಂದರು.

ಅವರು ಹರಿದಾಸರಲ್ಲ, ಹಾರಿದ ದಾಸರು. ಕಲ್ಕತ್ತೆಯ ಕಡೆಯವರು, ವಾಯುಪಡೆಯ ಅಧಿಕಾರಿ, ಎಚ್ಎಎಲ್‌ನಲ್ಲಿ ಹೊಸ ವಿಮಾನಗಳನ್ನು ಮೊದಲು ಹಾರಿಸಿ ನೋಡುವ ಟೆಸ್ಟ್ ಪೈಲಟ್. ನಾವೇ ಕಟ್ಟಿದ ಮೊದಲ ಜೆಟ್ ಯುದ್ಧವಿಮಾನ ‘ಮಾರುತ’ವನ್ನು 1961ರ ಜೂನ್ 17ರಂದು ಬೆಂಗಳೂರಿನ ಆಕಾಶಕ್ಕೆ ಏರಿಸಿದವರು. ಅದರದೇ ಇನ್ನೊಂದು ಮಾದರಿಯನ್ನು ಪರೀಕ್ಷೆಗೆ ಹಾರಿಸುವಾಗ, 1970ರ ಜನವರಿ 10ರಂದು, ಇದೇ ಬೆಂಗಳೂರಿನಲ್ಲಿ ಬಿದ್ದು ತೀರಿಕೊಂಡರು. ಆ ರಸ್ತೆಯಲ್ಲಿ ದಿನಕ್ಕೆರಡು ಸಲ ಓಡಾಡುವ ನಮ್ಮ ಪೋಸ್ಟ್‌ಮ್ಯಾನ್‌ಗಳನ್ನೇ ಕೇಳಿದೆ. ಒಬ್ಬರಿಗೂ ಗೊತ್ತಿರಲಿಲ್ಲ.

ನಾನು ರೈಲ್ವೆ ಮೇಲ್ ಸರ್ವಿಸಿನಲ್ಲಿ, ಅಂದರೆ ಆರ್‌ಎಂಎಸ್‌ನಲ್ಲಿ, ಮೂವತ್ತೊಂಬತ್ತು ವರ್ಷ ಸಾರ್ಟರ್ ಆಗಿದ್ದವನು. ಪಾರಿವಾಳದ ಗೂಡಿನಂಥ ಕಪಾಟಿನ ಮುಂದೆ ನಿಂತು ಕಾಗದ ಎಸೆಯುವುದು, ಕಟ್ಟು ಕಟ್ಟುವುದು, ಚೀಲದ ಬಾಯಿ ಬಿಗಿದು ಅರಗಿನ ಮುದ್ರೆ ಒತ್ತುವುದು ಇಷ್ಟೇ ನನ್ನ ವಿದ್ಯೆ. ವಿಮಾನದ ಚರಿತ್ರೆ ಬರೆಯುವುದಕ್ಕೆ ನಿನಗೇನು ಅರ್ಹತೆ ಎಂದು ಕೇಳಿದರೆ ಉತ್ತರ ಒಂದೇ. ನಮ್ಮ ದೇಶದ ವಿಮಾನಯಾನ ಬೆಳೆದದ್ದು ಅಂಚೆಚೀಲದೊಳಗೆ. ಮನುಷ್ಯರನ್ನು ಹೊರುವುದಕ್ಕೆ ಮೊದಲು ಅದು ಕಾಗದ ಹೊತ್ತಿತು. ಪೈಲಟ್‌ಗಳ ಹೆಸರನ್ನು ಪುಸ್ತಕದವರು ಬರೆದಿಟ್ಟಿದ್ದಾರೆ, ಚೀಲದ ಕಡೆಯಿಂದ ಕಥೆ ಹೇಳಿದವರು ಕಡಿಮೆ.

ಚೀಲದ ಕಥೆ ಶುರುವಾಗುವುದು ಅಲಹಾಬಾದಿನಲ್ಲಿ, 1911ರ ಫೆಬ್ರುವರಿ 18ರ ಸಂಜೆ. ಅಲ್ಲಿ ದೊಡ್ಡ ವಸ್ತುಪ್ರದರ್ಶನ ನಡೆದಿತ್ತು. ಬ್ರಿಟಿಷ್ ಕ್ಯಾಪ್ಟನ್ ವಾಲ್ಟರ್ ವಿಂಡಮ್ ಎಂಬಾತ ವಿಮಾನಗಳನ್ನು ಬಿಡಿಭಾಗಗಳಾಗಿ ಹಡಗಿನಲ್ಲಿ ತರಿಸಿ, ಜನರ ಕಣ್ಣೆದುರೇ ಜೋಡಿಸಿ ಹಾರಿಸುತ್ತಿದ್ದ. ಊರಿನ ಪಾದ್ರಿಯೊಬ್ಬರು ವಿದ್ಯಾರ್ಥಿ ನಿಲಯ ಕಟ್ಟಿಸಲು ದುಡ್ಡಿಗಾಗಿ ಪರದಾಡುತ್ತಿದ್ದರು, ವಿಂಡಮ್ಮನ ಸಹಾಯ ಕೇಳಿದರು. ಕಾಗದವನ್ನು ವಿಮಾನದಲ್ಲಿ ಸಾಗಿಸೋಣ, ಒಂದಕ್ಕೆ ಆರಾಣೆ ಹೆಚ್ಚುವರಿ ತೆಗೆದುಕೊಳ್ಳೋಣ, ಬಂದದ್ದು ಹಾಸ್ಟೆಲಿಗೆ ಎಂದು ಆತ ಉಪಾಯ ಹೂಡಿದ. ಮಾಮೂಲಿ ಕಾಗದಕ್ಕೆ ಅರ್ಧ ಆಣೆ ಇದ್ದ ಕಾಲ ಅದು. ಆದರೂ ಸುಮಾರು 6,500 ಕಾಗದ ಬಂದು ಬಿದ್ದವು.

ಪೈಲಟ್ ಆನ್ರಿ ಪೆಕೆ, ಫ್ರೆಂಚ್ ಹುಡುಗ, ವಯಸ್ಸು 23. ವಿಮಾನ ಹಂಬರ್-ಸೊಮೆರ್, ಮರ, ಬಟ್ಟೆ, ತಂತಿ ಸೇರಿಸಿ ಕಟ್ಟಿದ್ದು. ಎಂಜಿನ್ನಿನ ಶಕ್ತಿ 50 ಅಶ್ವಶಕ್ತಿಯ ಆಸುಪಾಸು, ಇವತ್ತಿನ ಒಂದು ಸಣ್ಣ ಕಾರಿನಷ್ಟು. ಪೋಲೋ ಮೈದಾನದಿಂದ ಎದ್ದು, ಯಮುನೆ ದಾಟಿ, ನೈನಿಯಲ್ಲಿ ಇಳಿದ. ಹತ್ತು ಕಿಲೋಮೀಟರಿಗೆ ಕೊಂಚ ಕಡಿಮೆ ದೂರ, ಹದಿಮೂರು ನಿಮಿಷ. ಜಗತ್ತಿನ ಮೊದಲ ಅಧಿಕೃತ ವಿಮಾನ ಅಂಚೆ ಅದು. ಬ್ರಿಟನ್ನಿನಲ್ಲಾಗಲಿ ಅಮೆರಿಕದಲ್ಲಾಗಲಿ ಅಧಿಕೃತವಾಗಿ ಕಾಗದ ಹಾರಿದ್ದು ಅದೇ ವರ್ಷದ ಸೆಪ್ಟೆಂಬರಿನಲ್ಲಿ. ಲಂಡನ್ನಿನ ರಾಜನ ಅಂಚೆಗಿಂತ ಏಳು ತಿಂಗಳು ಮುಂಚೆ ಸಂಗಮದ ಊರಿನ ಅಂಚೆ ಗಾಳಿಗೇರಿತ್ತು.

ಆ ಕಾಗದಗಳಿಗೆ ವಿಶೇಷ ಮೊಹರು ಹೊಡೆದರು. ಶಾಯಿ ಕೆನ್ನೇರಳೆ, ನಡುವೆ ಒಂದು ವಿಮಾನ, ಹಿಂದೆ ಬೆಟ್ಟಗಳ ಸಾಲು. ಗಂಗಾ ಬಯಲಿನ ಅಲಹಾಬಾದಿಗೆ ಬೆಟ್ಟ ಎಲ್ಲಿಂದ ಬಂತೋ, ಮೊಹರು ಕೊರೆದವನನ್ನೇ ಕೇಳಬೇಕು. 1961ರಲ್ಲಿ ಈ ಹಾರಾಟಕ್ಕೆ ಐವತ್ತು ವರ್ಷವಾದಾಗ ಇಲಾಖೆ ಮೂರು ಅಂಚೆಚೀಟಿ ತಂದಿತು. ನನಗಾಗ ಹದಿನಾಲ್ಕು. ಬಳ್ಳಾರಿಯ ನಮ್ಮ ಮನೆಯ ಹತ್ತಿರದ ಪೋಸ್ಟಾಫೀಸಿನಲ್ಲಿ ಅದರಲ್ಲೊಂದನ್ನು ಕೊಂಡು, ಅಂಟಿಸಲು ಮನಸ್ಸು ಬಾರದೆ ಲೆಕ್ಕದ ಪುಸ್ತಕದೊಳಗೆ ಇಟ್ಟುಕೊಂಡೆ. ಹುಚ್ಚು ಹಿಡಿದದ್ದು ಆಗಲೇ.

ಇಲ್ಲಿ ಒಂದು ಮಾತು ಹೇಳಿ ಮುಂದೆ ಹೋಗುತ್ತೇನೆ, ಇಲ್ಲದಿದ್ದರೆ ಓದುಗರು ಕೇಳಿಯೇ ಕೇಳುತ್ತಾರೆ. ‘ಅದಕ್ಕೂ ಮೊದಲು ನಮ್ಮ ಋಷಿಗಳೇ ವಿಮಾನ ಕಟ್ಟಿರಲಿಲ್ಲವೇ?’ ‘ವೈಮಾನಿಕ ಶಾಸ್ತ್ರ’ ಎಂಬ ಪುಸ್ತಕದ ಬೇರು ನಮ್ಮ ಆನೇಕಲ್ಲಿನಲ್ಲೇ ಇದೆ. ಅಲ್ಲಿನ ಸುಬ್ಬರಾಯ ಶಾಸ್ತ್ರಿಗಳು ಇಪ್ಪತ್ತನೇ ಶತಮಾನದ ಆರಂಭದಲ್ಲಿ ಹೇಳಿ ಬರೆಸಿದ ಗ್ರಂಥ ಅದು. 1974ರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಐವರು ಅದನ್ನು ಸಾಲು ಸಾಲಾಗಿ ಪರಿಶೀಲಿಸಿದರು. ಪುಸ್ತಕ 1904ಕ್ಕಿಂತ ಹಿಂದಿನದಲ್ಲ, ಅದರಲ್ಲಿರುವ ಯಾವ ವಿಮಾನವೂ ಹಾರಲಾರದು ಎಂದು ಬರೆದರು. ಶಾಸ್ತ್ರಿಗಳು ಸಜ್ಜನರೇ ಇದ್ದಿರಬೇಕು. ಆದರೆ ಇಲ್ಲದ ವಿಮಾನಕ್ಕೆ ನಾವು ಕೊಡುವ ಮರ್ಯಾದೆಯ ಕಾಲುಭಾಗವನ್ನಾದರೂ ನಿಜವಾಗಿ ಹಾರಿದವರಿಗೆ ಕೊಟ್ಟಿದ್ದರೆ ಆ ಲಗ್ನಪತ್ರಿಕೆಯಲ್ಲಿ ದಾಸರು ಬರುತ್ತಿರಲಿಲ್ಲ.

ನಿಜವಾಗಿ ಹಾರಿದ ಮೊದಲ ಭಾರತೀಯರಲ್ಲಿ ಇಬ್ಬರು ಅಂಚೆಗೆ ಸಂಬಂಧಪಟ್ಟವರಲ್ಲ, ಆದರೂ ಬಿಟ್ಟು ಹೋಗಲಾರೆ. ಇಂದ್ರಲಾಲ್ ರಾಯ್ ಹುಟ್ಟಿದ್ದು 1898ರ ಡಿಸೆಂಬರ್ 2ರಂದು, ಕಲ್ಕತ್ತೆಯಲ್ಲಿ. ಲಂಡನ್ನಿನಲ್ಲಿ ಓದುತ್ತಿದ್ದಾಗ ಮೊದಲ ಮಹಾಯುದ್ಧ. ಕಣ್ಣು ಸರಿಯಿಲ್ಲ ಎಂದು ವಾಯುದಳದವರು ಮೊದಲು ತಿರಸ್ಕರಿಸಿದರು. ಹುಡುಗ ತನ್ನ ಮೋಟಾರ್‌ಬೈಕ್ ಮಾರಿ, ದೊಡ್ಡ ಕಣ್ಣಿನ ವೈದ್ಯರ ಬಳಿ ಇನ್ನೊಂದು ಸಲ ಪರೀಕ್ಷೆ ಮಾಡಿಸಿಕೊಂಡು ಒಳಗೆ ಸೇರಿದ. 1917ರ ಡಿಸೆಂಬರಿನಲ್ಲಿ ವಿಮಾನ ಬಿತ್ತು. ಸತ್ತನೆಂದು ಶವಾಗಾರಕ್ಕೆ ಹಾಕಿದರೆ ಅಲ್ಲಿ ಎಚ್ಚರವಾಗಿ ಬಾಗಿಲು ಬಡಿದ ಎಂಬ ಕಥೆ ಇದೆ. ಕಥೆ ಹೇಗೇ ಇರಲಿ, 1918ರ ಜುಲೈ 6ರಿಂದ 19ರೊಳಗೆ ಶತ್ರುವಿನ ಹತ್ತು ವಿಮಾನಗಳ ಲೆಕ್ಕ ಅವನ ಹೆಸರಿಗೆ ಸೇರಿತು. 22ರಂದು ಫ್ರಾನ್ಸಿನ ಕಾರ್ವ್ಯಾಂ ಬಳಿ ಅವನೇ ಬಿದ್ದ. ಹತ್ತೊಂಬತ್ತು ವರ್ಷ. ಅವನ ಸಮಾಧಿಯ ಮೇಲೆ ಬಂಗಾಳಿಯಲ್ಲೂ ಫ್ರೆಂಚಿನಲ್ಲೂ ಬರಹವಿದೆ. 1998ರಲ್ಲಿ ನಮ್ಮ ಇಲಾಖೆ ಅವನ ಅಂಚೆಚೀಟಿ ತಂದಿತು. ಕಪಾಟಿನ ಮುಂದೆ ನಿಂತವನಿಗೆ ಆ ಮುಖ ದಿನಕ್ಕೆ ಎಷ್ಟು ಸಲ ಕಣ್ಣಿಗೆ ಬಿದ್ದಿತ್ತೋ! ಪ್ರತಿ ಸಲವೂ ಅದರ ಮೇಲೆ ಮೊಹರು ಬಿದ್ದಿರುತ್ತಿತ್ತು, ಅದೊಂದು ಬೇಸರ.

ಇನ್ನೊಬ್ಬರು ಹರ್ದಿತ್ ಸಿಂಗ್ ಮಲಿಕ್, ರಾವಲ್ಪಿಂಡಿಯವರು. ಸಿಖ್ಖರಾದ್ದರಿಂದ ಪೇಟ ತೆಗೆಯಲು ಒಪ್ಪಲಿಲ್ಲ, ಅದರ ಮೇಲೇ ಕೂರುವಂಥ ದೊಡ್ಡ ಹೆಲ್ಮೆಟ್ ಮಾಡಿಸಿಕೊಂಡರು. 1917ರ ಅಕ್ಟೋಬರ್ 26ರ ಕಾಳಗದಲ್ಲಿ ಅವರ ವಿಮಾನಕ್ಕೆ ನಾನೂರಕ್ಕೂ ಹೆಚ್ಚು ಗುಂಡು ತೂರಿದ್ದವು, ಅವರ ಕಾಲಿಗೂ ಹೊಕ್ಕಿದ್ದವು. ಕಾಲಿನೊಳಗೆ ಉಳಿದುಹೋದ ಗುಂಡಿನೊಂದಿಗೇ ಬದುಕಿ, ಸ್ವತಂತ್ರ ಭಾರತದ ರಾಯಭಾರಿಯಾಗಿ, ಗಾಲ್ಫ್ ಆಡಿಕೊಂಡು 1985ರವರೆಗೂ ಇದ್ದರು.

ಯುದ್ಧ ಮುಗಿದ ಮೇಲೆ ಹತ್ತು ವರ್ಷ ಇಲ್ಲಿ ಹೇಳಿಕೊಳ್ಳುವಂಥದ್ದೇನೂ ಆಗಲಿಲ್ಲ. 1928ರಲ್ಲಿ ದೆಹಲಿ, ಬೊಂಬಾಯಿ, ಕರಾಚಿ, ಕಲ್ಕತ್ತೆಗಳಲ್ಲಿ ಫ್ಲೈಯಿಂಗ್ ಕ್ಲಬ್ಬುಗಳು ಬಂದವು. ಬೊಂಬಾಯಿಯಲ್ಲಿ ಕಲಿತ ಜೆ.ಆರ್.ಡಿ. ಟಾಟಾ ಅವರಿಗೆ 1929ರ ಫೆಬ್ರುವರಿ 10ರಂದು ಸಿಕ್ಕ ಲೈಸೆನ್ಸಿನ ಸಂಖ್ಯೆ 1. ಅದೇ ವರ್ಷ ಆಗಾ ಖಾನರು 500 ಪೌಂಡ್ ಬಹುಮಾನ ಸಾರಿದರು. ಇಂಗ್ಲೆಂಡು–ಭಾರತದ ನಡುವೆ ಒಬ್ಬನೇ ಹಾರಿ ಗೊತ್ತಾದ ಅವಧಿಯೊಳಗೆ ಮುಟ್ಟುವ ಮೊದಲ ಭಾರತೀಯನಿಗೆ.

ಮೂವರು ಹೊರಟರು. ಮನಮೋಹನ್ ಸಿಂಗ್ (ಪ್ರಧಾನಿಯಲ್ಲ, ಅವರಿನ್ನೂ ಹುಟ್ಟಿರಲಿಲ್ಲ) ತಮ್ಮ ವಿಮಾನಕ್ಕೆ ‘ಮಿಸ್ ಇಂಡಿಯಾ’ ಎಂದು ಹೆಸರಿಟ್ಟರು. ಹೆಸರಿಗೆ ತಕ್ಕಂತೆ ಇಂಡಿಯಾ ಮಿಸ್ ಆಗುವುದು ಖಂಡಿತ ಎಂದು ಇಂಗ್ಲೆಂಡಿನ ಪತ್ರಿಕೆಯೊಂದು ಗೇಲಿ ಮಾಡಿತು. ಅವರು ಬಂದೇ ಬಂದರು, ಆದರೆ ಅವಧಿ ಮೀರಿತ್ತು. ಇನ್ನಿಬ್ಬರು ಎದುರುಬದುರು ಹೊರಟವರು. ಜೆ.ಆರ್.ಡಿ. ಕರಾಚಿಯಿಂದ ಪಶ್ಚಿಮಕ್ಕೆ, ಹದಿನೇಳು ವರ್ಷದ ಆಸ್ಪಿ ಎಂಜಿನಿಯರ್ ಇಂಗ್ಲೆಂಡಿನಿಂದ ಪೂರ್ವಕ್ಕೆ. 1930ರ ಮೇ ತಿಂಗಳಲ್ಲಿ ಈಜಿಪ್ಟಿನ ಅಬೂಕಿರ್‌ನಲ್ಲಿ ಇಬ್ಬರೂ ಸಂಧಿಸಿದರು. ಹುಡುಗ ಸ್ಪಾರ್ಕ್ ಪ್ಲಗ್ ಇಲ್ಲದೆ ಕೈಕಟ್ಟಿ ಕೂತಿದ್ದ. ಜೆ.ಆರ್.ಡಿ. ತಮ್ಮ ಬಳಿಯಿದ್ದುದನ್ನು ಕೊಟ್ಟರು. ಆ ಪ್ಲಗ್ಗಿನ ಬಲದ ಮೇಲೆ ಆಸ್ಪಿ ಕರಾಚಿ ಮುಟ್ಟಿ ಬಹುಮಾನ ಗೆದ್ದ. ಸೋತವರು ಮುಂದೆ ಏರ್ ಇಂಡಿಯಾ ಕಟ್ಟಿದರು, ಗೆದ್ದವನು ಭಾರತೀಯ ವಾಯುಪಡೆಯ ಮುಖ್ಯಸ್ಥನಾದ. ಮನಮೋಹನ್ ಸಿಂಗ್ ಎರಡನೇ ಮಹಾಯುದ್ಧದಲ್ಲಿ, 1942ರ ಮಾರ್ಚ್ 3ರಂದು, ಆಸ್ಟ್ರೇಲಿಯಾದ ಬ್ರೂಮ್ ಬಂದರಿನ ಮೇಲೆ ನಡೆದ ಜಪಾನೀ ದಾಳಿಯಲ್ಲಿ ಸತ್ತರು. ಮೂವರಲ್ಲಿ ಇವರ ಹೆಸರು ಮಾತ್ರ ಯಾರ ಬಾಯಲ್ಲೂ ಇಲ್ಲ.

ಈಗ ಬಳ್ಳಾರಿಗೆ ಬರುತ್ತೇನೆ.

ನೆವಿಲ್ ವಿನ್ಸೆಂಟ್ ಎಂಬ ದಕ್ಷಿಣ ಆಫ್ರಿಕಾ ಮೂಲದ ಪೈಲಟ್ ಒಬ್ಬನಿದ್ದ. ಬ್ರಿಟಿಷ್ ವಾಯುಪಡೆ ಬಿಟ್ಟು, ಗೆಳೆಯನೊಡನೆ ಹಳೆಯ ಎರಡು ವಿಮಾನ ಹಿಡಿದು 1929ರಲ್ಲಿ ಭಾರತಕ್ಕೆ ಬಂದವನು. ಊರೂರು ಸುತ್ತಿ, ದುಡ್ಡು ಕೊಟ್ಟವರನ್ನು ಕೂರಿಸಿಕೊಂಡು ಆಕಾಶ ತೋರಿಸುತ್ತಿದ್ದ, ಜಾತ್ರೆಯ ತೊಟ್ಟಿಲಿನಂತೆ. ಅವನ ತಲೆಗೆ ಒಂದು ಲೆಕ್ಕ ಹೊಳೆಯಿತು. ಲಂಡನ್ನಿನಿಂದ ಇಂಪೀರಿಯಲ್ ಏರ್‌ವೇಸಿನ ವಿಮಾನ ಕರಾಚಿಯವರೆಗೆ ಕಾಗದ ತರುತ್ತಿತ್ತು. ಅಲ್ಲಿಂದ ದಕ್ಷಿಣಕ್ಕೆ ರೈಲೇ ಗತಿ. ಆಕಾಶದಲ್ಲಿ ಉಳಿಸಿದ ದಿನಗಳನ್ನು ನೆಲದಲ್ಲಿ ಕಳೆಯುವುದು. ಸಾರ್ಟರ್ ಭಾಷೆಯಲ್ಲಿ ಹೇಳುವುದಾದರೆ ಕರಾಚಿಯಲ್ಲಿ ಕನೆಕ್ಷನ್ ತಪ್ಪುತ್ತಿತ್ತು. ಆ ತಪ್ಪಿದ ಕೊಂಡಿಯನ್ನು ಕೂಡಿಸುವ ಯೋಜನೆಯೊಂದಿಗೆ ವಿನ್ಸೆಂಟ್ ಜೆ.ಆರ್.ಡಿ.ಯನ್ನು ಹುಡುಕಿಕೊಂಡು ಹೋದ. ಬಂಡವಾಳ ಎರಡು ಲಕ್ಷ ರೂಪಾಯಿ. ಸರ್ ದೊರಾಬ್ಜಿ ಟಾಟಾ ಅವರಿಗೆ ಮನಸ್ಸಿರಲಿಲ್ಲ, ಒಪ್ಪಿಸಬೇಕಾಯಿತು. ಸಹಾಯಧನ ಕೊಡಿ ಎಂದರೆ ಸರ್ಕಾರಕ್ಕೂ ಮನಸ್ಸಿಲ್ಲ. ಕೊನೆಗೆ ಸಹಾಯಧನ ಬೇಡ, ಹೊತ್ತ ಕಾಗದದ ತೂಕಕ್ಕೆ ಬರುವ ದುಡ್ಡೇ ಸಾಕು ಎಂದು ಒಪ್ಪಂದವಾಯಿತು. ಇದ್ದ ಪೈಲಟ್‌ಗಳು ಮೂವರು: ಜೆ.ಆರ್.ಡಿ., ವಿನ್ಸೆಂಟ್, ಹೋಮಿ ಭರೂಚಾ. ವಿಮಾನ ಎರಡು, ಎರಡೂ ಒಂಟಿ ಎಂಜಿನ್ನಿನ ಪುಸ್ ಮಾತ್. ಜುಹೂ ದಂಡೆಯ ಕೆಸರು ಬಯಲೇ ನಿಲ್ದಾಣ, ತಾಳೆಗರಿ ಹೊದಿಸಿದ ಗುಡಿಸಲೇ ಕಚೇರಿ. ಮಳೆಗಾಲದಲ್ಲಿ ಅದು ಸಮುದ್ರವೇ ಆಗಿಬಿಡುತ್ತಿದ್ದುದರಿಂದ ಗಂಟುಮೂಟೆ ಸಮೇತ ಪುಣೆಗೆ ಹೋಗಬೇಕಿತ್ತು.

1932ರ ಅಕ್ಟೋಬರ್ 15, ಶನಿವಾರ. ಬೆಳಿಗ್ಗೆ 6.35ಕ್ಕೆ ಜೆ.ಆರ್.ಡಿ. ಕರಾಚಿಯ ಡ್ರಿಗ್ ರೋಡ್ ನಿಲ್ದಾಣದಿಂದ ಎದ್ದರು. ಜೊತೆಗೆ 55 ಪೌಂಡ್ ಅಂಚೆ, ಅಂದರೆ 25 ಕಿಲೋ, ಅಕ್ಕಿಮೂಟೆಯೊಂದರ ಅಳತೆ. ರೇಡಿಯೊ ಇಲ್ಲ. ನೆಲದಿಂದ ದಾರಿ ಹೇಳುವವರಿಲ್ಲ. ತೊಡೆಯ ಮೇಲೆ ನಕ್ಷೆ, ಎದುರಿಗೆ ದಿಕ್ಸೂಚಿ. ಆ ಕಾಲದ ಪೈಲಟ್‌ಗಳು ದಾರಿ ತಪ್ಪಿದರೆ ರೈಲು ಹಳಿ ಹುಡುಕಿಕೊಂಡು ಕೆಳಗಿಳಿದು, ಸ್ಟೇಷನ್ನಿನ ಬೋರ್ಡು ಓದಿಕೊಂಡು ಮುಂದೆ ಹೋಗುತ್ತಿದ್ದದ್ದೂ ಉಂಟು. ಕೊನೆಗೂ ರೈಲ್ವೆಯೇ ದಾರಿ ತೋರಿಸಬೇಕಾಯಿತಲ್ಲ ಎಂದು ಆರ್‌ಎಂಎಸ್‌ನವನಾದ ನನಗೆ ಒಳಗೊಳಗೇ ಖುಷಿ. ಅಹಮದಾಬಾದಿನಲ್ಲಿ ಪೆಟ್ರೋಲ್ ಡಬ್ಬಗಳು ಎತ್ತಿನ ಗಾಡಿಯಲ್ಲಿ ಬಂದವು. ಮಧ್ಯಾಹ್ನ 1.50ಕ್ಕೆ ವಿಮಾನ ಜುಹೂ ಮುಟ್ಟಿತು.

ಎಲ್ಲ ಪುಸ್ತಕಗಳೂ ಇಲ್ಲಿ ಚಪ್ಪಾಳೆ ತಟ್ಟಿ ಪುಟ ತಿರುಗಿಸುತ್ತವೆ. ಆದರೆ ಚೀಲದ ಪ್ರಯಾಣ ಮುಗಿದಿರಲಿಲ್ಲ. ಬೊಂಬಾಯಿಯವರ ಕಾಗದ ಇಳಿಸಿಕೊಂಡು, ಮಿಕ್ಕದ್ದನ್ನು ಇನ್ನೊಂದು ಪುಸ್ ಮಾತ್‌ಗೆ ತುಂಬಿಸಿಕೊಂಡು ವಿನ್ಸೆಂಟ್ ಮದ್ರಾಸಿನ ಕಡೆ ಎದ್ದ. ರಾತ್ರಿ ಹಾರುವ ಅನುಕೂಲವಿಲ್ಲ. ಹೊತ್ತು ಮುಳುಗುವ ಮುನ್ನ ಎಲ್ಲಾದರೂ ಇಳಿಯಲೇಬೇಕು. ಇಳಿದದ್ದು ಬಳ್ಳಾರಿಯಲ್ಲಿ. ಟಾಟಾ ಅವರ ಮೊದಲ ವಿಮಾನ ಅಂಚೆ ಆ ರಾತ್ರಿ ಬಳ್ಳಾರಿಯಲ್ಲಿ ಮಲಗಿತು. ಬೆಳಗಾದ ಮೇಲೆ, 16ರಂದು, ಮದ್ರಾಸು.

ನಮ್ಮೂರು ಆಗ ಮದ್ರಾಸ್ ಪ್ರಾಂತ್ಯದಲ್ಲಿತ್ತು. ಮೈಸೂರಿಗೆ ಸೇರಿದ್ದು 1953ರ ಅಕ್ಟೋಬರ್ 1ರಂದು. ನಾನು ಹುಡುಗನಾಗಿದ್ದಾಗ ‘ಆ ವಿಮಾನದ ರೆಕ್ಕೆ ಮುಟ್ಟಿದ್ದೇನೆ’ ಎನ್ನುವ ಮುದುಕರು ನಮ್ಮ ಬೀದಿಯೊಂದರಲ್ಲೇ ಐದಾರು ಮಂದಿ ಇದ್ದರು. ಅಷ್ಟು ಕೈ ನಿಜವಾಗಿಯೂ ಮುಟ್ಟಿದ್ದರೆ ರೆಕ್ಕೆಯ ಬಟ್ಟೆ ಹರಿದು ವಿನ್ಸೆಂಟ್ ಬಳ್ಳಾರಿಯಲ್ಲೇ ಸಂಸಾರ ಹೂಡಬೇಕಾಗುತ್ತಿತ್ತು. ನಮ್ಮಪ್ಪ ಮಾತ್ರ ಸುಳ್ಳು ಹೇಳುವವರಲ್ಲ. ಅವರಿಗಾಗ ಹನ್ನೆರಡು ವರ್ಷ. ‘ನಾನು ಸದ್ದು ಕೇಳಿದೆ ಕಣೋ, ಓಡಿಹೋಗಿ ನೋಡುವಷ್ಟರಲ್ಲಿ ಹೋಗಿಬಿಟ್ಟಿತ್ತು’ ಎನ್ನುತ್ತಿದ್ದರು. ಅದು ಮೊದಲ ದಿನದ್ದೋ ಆಮೇಲಿನ ಯಾವುದೋ ವಾರದ್ದೋ, ಅವರಿಗೂ ನೆನಪಿರಲಿಲ್ಲ. ಆ ಸದ್ದಿನ ಮೇಲೆ ನನಗೆ ನಂಬಿಕೆ ಇದೆ.

1933ರ ಇಡೀ ವರ್ಷದ ಲೆಕ್ಕ ಕೇಳಿ: ಹಾರಿದ್ದು 1,60,000 ಮೈಲಿ, ಹೊತ್ತ ಅಂಚೆ ಸುಮಾರು ಹನ್ನೊಂದು ಟನ್, ಪ್ರಯಾಣಿಕರು 155. ವರ್ಷಕ್ಕೆ ನೂರೈವತ್ತೈದು ಮಂದಿ! ಕಾಗದದ ಪಕ್ಕ ಖಾಲಿ ಉಳಿದ ಜಾಗದಲ್ಲಿ ಕೂತವರು ಅವರು. ಲಾಭ 60,000 ರೂಪಾಯಿ. ಏರ್ ಇಂಡಿಯಾದ ಬುನಾದಿಗೆ ಬಿದ್ದ ಮೊದಲ ಕಲ್ಲು ಎಂದರೆ ಯಾರೋ ಯಾರಿಗೋ ಬರೆದ ಕ್ಷೇಮಸಮಾಚಾರ, ವ್ಯಾಪಾರದ ಪಟ್ಟಿ, ಹುಂಡಿ, ವಕೀಲರ ನೋಟೀಸು. ವಿನ್ಸೆಂಟ್ ಅದನ್ನೆಲ್ಲ ದೊಡ್ಡದಾಗಿ ನೋಡಲು ಉಳಿಯಲಿಲ್ಲ. 1942ರಲ್ಲಿ ಇಂಗ್ಲೆಂಡಿನಿಂದ ಮರಳುವಾಗ ಅವನಿದ್ದ ವಿಮಾನ ಫ್ರಾನ್ಸಿನ ಕರಾವಳಿಯಾಚೆ ಕಾಣೆಯಾಯಿತು. ಜೆ.ಆರ್.ಡಿ. ಹೆಸರಿನಲ್ಲಿ ಪ್ರಶಸ್ತಿ, ಪ್ರತಿಮೆ, ಪಠ್ಯಪುಸ್ತಕದ ಪಾಠ ಎಲ್ಲ ಇವೆ, ಇರಬೇಕಾದ್ದೇ. 1982ರಲ್ಲಿ, ಎಪ್ಪತ್ತೆಂಟರ ಹರೆಯದಲ್ಲಿ, ಅದೇ ಕರಾಚಿ–ಬೊಂಬಾಯಿ ದಾರಿಯನ್ನು ಹಳೆಯ ವಿಮಾನದಲ್ಲಿ ಮತ್ತೆ ಹಾರಿ ತೋರಿಸಿದ ಗಟ್ಟಿಗ ಆತ. ಆದರೆ ಆ ಯೋಜನೆಯ ತಲೆ ವಿನ್ಸೆಂಟನದು ಎನ್ನುವುದನ್ನು ನಾನು ಯಾರ ಮುಂದೆಯಾದರೂ ವಾದಿಸಬಲ್ಲೆ.

ಅದೇ 1932ರ ಅಕ್ಟೋಬರಿನಲ್ಲಿ, ಪುಸ್ ಮಾತ್ ಹಾರುವುದಕ್ಕೆ ಒಂದೇ ವಾರ ಮೊದಲು, 8ನೇ ತಾರೀಖು, ಭಾರತೀಯ ವಾಯುಪಡೆ ಕಾಗದದ ಮೇಲೆ ಹುಟ್ಟಿತ್ತು. ಮರುವರ್ಷ ಏಪ್ರಿಲ್ 1ಕ್ಕೆ ಅದೇ ಡ್ರಿಗ್ ರೋಡಿನಲ್ಲಿ ನಾಲ್ಕು ವಾಪಿಟಿ ವಿಮಾನಗಳೊಂದಿಗೆ ಮೊದಲ ಸ್ಕ್ವಾಡ್ರನ್. ವಿಮಾನ ನೋಡಿಕೊಳ್ಳುವ ಹತ್ತೊಂಬತ್ತು ಮಂದಿಗೆ ಕೊಟ್ಟ ಪದವಿಯ ಹೆಸರು ‘ಹವಾಯಿ ಸಿಪಾಯಿ’. ಈ ಪದ ನನಗೆ ಬಹಳ ಇಷ್ಟ. ಆ ಪಡೆಯ ಸುಬ್ರತೋ ಮುಖರ್ಜಿ 1954ರಲ್ಲಿ ವಾಯುಪಡೆಯ ಮೊದಲ ಭಾರತೀಯ ಮುಖ್ಯಸ್ಥರಾದರು. ಅವರು ಇಂದ್ರಲಾಲ್ ರಾಯನ ಬಂಧು.

ಲಾಹೋರಿನಲ್ಲಿ ಇನ್ನೊಂದು ಅಂಚೆ ಸಂಸಾರವಿತ್ತು. ಪಿ.ಡಿ. ಶರ್ಮಾ ಕರಾಚಿ–ಲಾಹೋರ್ ಅಂಚೆ ಹಾರಿಸುತ್ತಿದ್ದ ಪೈಲಟ್. ಅವರ ಮನೆತನದಲ್ಲಿ ಒಂಬತ್ತು ಪೈಲಟ್‌ಗಳು. ಸೊಸೆ ಏಕೆ ಸುಮ್ಮನಿರಬೇಕು? 1936ರಲ್ಲಿ, ಶರ್ಮಾ ಅವರ ಹೆಂಡತಿ, ಇಪ್ಪತ್ತೊಂದು ವರ್ಷದ ಸರಳಾ, ನಾಲ್ಕು ವರ್ಷದ ಮಗಳ ತಾಯಿ, ಸೀರೆಯುಟ್ಟೇ ಜಿಪ್ಸಿ ಮಾತ್ ಹತ್ತಿ ಒಬ್ಬಳೇ ಹಾರಿ ಇಳಿದಳು. 1939ರಲ್ಲಿ ಶರ್ಮಾ ವಿಮಾನ ಅಪಘಾತದಲ್ಲಿ ಹೋದರು. ವಾಣಿಜ್ಯ ಲೈಸೆನ್ಸಿಗೆಂದು ಆಕೆ ಜೋಧಪುರಕ್ಕೆ ಹೋದರೆ ಯುದ್ಧ ಬಂದು ತರಬೇತಿ ನಿಂತಿತು. ಆಕೆ ಲಾಹೋರಿಗೆ ಮರಳಿ ಚಿತ್ರಕಲೆ ಕಲಿತಳು. ದೇಶ ಒಡೆದ ಮೇಲೆ ದೆಹಲಿಗೆ ಬಂದು, ಸರಳಾ ಠಕ್ರಾಲ್ ಎಂಬ ಹೆಸರಿನಲ್ಲಿ ಸೀರೆ, ಒಡವೆಗಳ ವಿನ್ಯಾಸ ಮಾಡಿ ಬದುಕಿದಳು.

ಬೆಂಗಳೂರಿಗೆ ವಿಮಾನ ಕಾರ್ಖಾನೆ ಬಂದದ್ದು 1940ರ ಡಿಸೆಂಬರಿನಲ್ಲಿ. ವಾಲ್‌ಚಂದ್ ಹೀರಾಚಂದ್ ಹಣ ಮತ್ತು ಹಟ ತಂದರು, ದಿವಾನ್ ಮಿರ್ಜಾ ಇಸ್ಮಾಯಿಲ್ ಜಾಗ ಕೊಡಿಸಿದರು. ಯುದ್ಧಕಾಲ, ಕಾರ್ಖಾನೆ ಬೇಗ ಸರ್ಕಾರದ ಕೈಗೆ ಹೋಯಿತು. ಅಲ್ಲೇ ವಿ.ಎಂ. ಘಾಟಗೆ ಅವರ ಕೈಕೆಳಗೆ ರೂಪುಗೊಂಡ ಎಚ್‌ಟಿ-2 ತರಬೇತಿ ವಿಮಾನ 1951ರ ಆಗಸ್ಟಿನಲ್ಲಿ ಹಾರಿತು. ಅದರಾಚೆಯ ಎಚ್ಎಎಲ್ ಕಥೆ ದೊಡ್ಡದು. ಅದನ್ನು ಅಲ್ಲಿ ದುಡಿದವರೇ ಬರೆಯಲಿ.

ಕೊಡಗಿನ ಕಾಗದಗಳ ಕಟ್ಟು ಬಿಚ್ಚಿದರೆ ಅರ್ಧದ ಮೇಲೆ ‘56 ಎಪಿಒ’ ಅಥವಾ ‘99 ಎಪಿಒ’ ಎಂದೇ ಇರುತ್ತಿತ್ತು. ಸೈನಿಕರ ಅಂಚೆ. ಊರಿನ ಹೆಸರಿಲ್ಲ, ಬೆಟ್ಟವೋ ಮರಳುಗಾಡೋ ತಿಳಿಯದು. ಅದನ್ನು ಕಂಡಾಗಲೆಲ್ಲ ನನಗೆ 1948ರ ಮೇ 24 ನೆನಪಾಗುತ್ತಿತ್ತು. ಕಾಶ್ಮೀರದ ಯುದ್ಧಕಾಲ, ಶತ್ರು ಲೇಹ್‌ನತ್ತ ಬರುತ್ತಿದ್ದ. ಊರು 11,500 ಅಡಿ ಎತ್ತರದಲ್ಲಿದೆ. ಲಡಾಖಿನವರೇ ಆದ ಎಂಜಿನಿಯರ್ ಸೋನಂ ನೊರ್ಬು ಜನರನ್ನು ಕೂಡಿಸಿಕೊಂಡು ಸಿಂಧೂ ನದಿಯ ಹತ್ತಿರ ಮಣ್ಣಿನ ಪಟ್ಟಿಯೊಂದನ್ನು ಹಸನು ಮಾಡಿದ್ದರು. ಯಾವ ವಿಮಾನವೂ ಇಳಿದಿರದ ಆ ಜಾಗಕ್ಕೆ ಏರ್ ಕಮೊಡೋರ್ ಮೆಹರ್ ಸಿಂಗ್ ಡಕೋಟಾ ಒಂದನ್ನು ತಂದು ಇಳಿಸಿದರು. ಪಕ್ಕದಲ್ಲಿ ಕೂತಿದ್ದ ಪ್ರಯಾಣಿಕ ನಮ್ಮ ಮಡಿಕೇರಿಯ ಮೇಜರ್ ಜನರಲ್ ತಿಮ್ಮಯ್ಯ. ಸೈನಿಕರನ್ನು ಕಳಿಸುವ ಮುನ್ನ ತಾವೇ ಹತ್ತಿ ಹೋದವರು.

ಇನ್ನು ನಾಗಪುರ. ಇದನ್ನು ಹೇಳದಿದ್ದರೆ ನನ್ನ ಊಟ ಅರಗದು.

1949ರಿಂದ ಪ್ರತಿ ರಾತ್ರಿ ದೆಹಲಿ, ಬೊಂಬಾಯಿ, ಕಲ್ಕತ್ತೆ, ಮದ್ರಾಸುಗಳಿಂದ ಒಂದೊಂದು ವಿಮಾನ ಅಂಚೆ ತುಂಬಿಕೊಂಡು ಎದ್ದು, ನಡುರಾತ್ರಿಯ ಹೊತ್ತಿಗೆ ನಾಗಪುರದಲ್ಲಿ ಸೇರುತ್ತಿದ್ದವು. ದೇಶದ ನಡುಮಧ್ಯ. ಚೀಲಗಳನ್ನು ಅದಲು ಬದಲು ಮಾಡಿಕೊಂಡು ಬೆಳಗಾಗುವಷ್ಟರಲ್ಲಿ ತಂತಮ್ಮ ಊರಿಗೆ ವಾಪಸು. ಸಂಜೆ ಮದ್ರಾಸಿನಲ್ಲಿ ಹಾಕಿದ ಕಾಗದ ಮರುದಿನ ದೆಹಲಿಯ ಮನೆಬಾಗಿಲಲ್ಲಿ. ಅದೇ ವರ್ಷದ ಏಪ್ರಿಲಿನಿಂದ ಒಳನಾಡಿನ ಮಾಮೂಲಿ ಕಾಗದಕ್ಕೆ ಹೆಚ್ಚು ದುಡ್ಡು ಕೊಡದೆ, ವಿಮಾನ ಅಂಚೆಯ ನೀಲಿ ಪಟ್ಟಿ ಅಂಟಿಸದೆ, ವಿಮಾನವೇ ಬೇಗ ಎನ್ನುವಲ್ಲಿ ವಿಮಾನದಲ್ಲೇ ಸಾಗಿಸುವ ಪದ್ಧತಿ ಬಂತು. ಬಡವನ ಕಾಗದವೂ ವಿಮಾನ ಹತ್ತಿತು. ಬಡವ ಹತ್ತಲು ಇನ್ನೂ ಐವತ್ತು ವರ್ಷ ಬೇಕಾಯಿತು, ಅದು ಬೇರೆ ಮಾತು.

ನಾನು 1968ರಲ್ಲಿ ಸೇರಿದಾಗ ಮದ್ರಾಸಿನಿಂದ ವರ್ಗವಾಗಿ ಬಂದಿದ್ದ ಹಿರಿಯರೊಬ್ಬರಿದ್ದರು. ಲಗ್ನಪತ್ರಿಕೆ ನೋಡಿ ಅಂಕಿತ ಕೇಳಿದವರು ಅವರೇ. ಮೀನಂಬಾಕ್ಕಂ ನಿಲ್ದಾಣದಲ್ಲಿ ರಾತ್ರಿ ವಿಮಾನಕ್ಕೆ ಚೀಲ ಏರಿಸಿದ ಅನುಭವಿ. ಚೀಲಗಳ ನಡುವೆ ನಾಲ್ಕಾರು ಪ್ರಯಾಣಿಕರೂ ಇರುತ್ತಿದ್ದರಂತೆ, ರಾತ್ರಿಯ ಟಿಕೆಟ್ ಅಗ್ಗ. ‘ಚೀಲಗಳು ಗಲಾಟೆ ಮಾಡುತ್ತಿರಲಿಲ್ಲ ಕಣಪ್ಪ, ಪ್ರಯಾಣಿಕರದೇ ತಕರಾರು’ ಎನ್ನುತ್ತಿದ್ದರು. ಪೈಲಟ್‌ಗಳು ಕಾಫಿ ಕುಡಿದು, ಹವಾಮಾನದ ಚೀಟಿ ಓದಿ, ಒಂದು ಮಾತೂ ಆಡದೆ ಹತ್ತುತ್ತಿದ್ದರಂತೆ. ಮಳೆಗಾಲದ ಇರುಳಲ್ಲಿ ಮಧ್ಯಭಾರತದ ಮೋಡ ಸೀಳಿ ದಿನಾ ಹೋಗಿಬರುವವರಿಗೆ ಮಾತು ಎಲ್ಲಿಂದ ಬರಬೇಕು? ಅವರಲ್ಲಿ ಒಬ್ಬರ ಹೆಸರನ್ನೂ ಯಾವ ರಸ್ತೆಗೂ ಇಟ್ಟಿಲ್ಲ. 1973ರಲ್ಲಿ ಆ ಸೇವೆ ನಿಂತಿತು. ಅಷ್ಟು ಹೊತ್ತಿಗೆ ಜೆಟ್ ವಿಮಾನಗಳು ಹಗಲಲ್ಲೇ ನೇರ ಹಾರುತ್ತಿದ್ದವು.

ಈಗ ನನ್ನದೊಂದು ತಪ್ಪೊಪ್ಪಿಗೆ. 1961ರಲ್ಲಿ ಅಂಚೆಚೀಟಿಯ ಹುಚ್ಚು ಹತ್ತಿದ ಮೇಲೆ ಬೀದಿಯ ಮನೆಮನೆಯಲ್ಲೂ ಹಳೆಯ ಕಾಗದ ಬೇಡುತ್ತಿದ್ದೆ. ವಕೀಲರೊಬ್ಬರ ಮನೆಯ ಅಜ್ಜಿ ಅಟ್ಟದ ಟ್ರಂಕಿನಿಂದ ಒಂದು ಕಟ್ಟು ಕೊಟ್ಟರು. ಐದನೇ ಜಾರ್ಜ್ ದೊರೆಯ ಚೀಟಿ, ನೀಲಿ ವಿಮಾನ ಅಂಚೆ ಪಟ್ಟಿ, ಕರಾಚಿಯ ಮೊಹರು, ಹಿಂಬದಿಯಲ್ಲಿ ಬಳ್ಳಾರಿಯ ಮೊಹರು. ವರ್ಷ ನೋಡಲಿಲ್ಲ. ಚೀಟಿಗಳನ್ನು ಕತ್ತರಿಸಿ, ಕಂಚಿನ ಬಟ್ಟಲಿನ ನೀರಿನಲ್ಲಿ ನೆನೆಹಾಕಿ, ಬಿಡಿಸಿ, ಒಣಗಿಸಿ ಆಲ್ಬಮ್ಮಿಗೆ ಅಂಟಿಸಿದೆ. ಲಕೋಟೆಗಳೆಲ್ಲ ಬಚ್ಚಲ ಒಲೆಗೆ ಹೋದವು. ಆ ಚೀಟಿಗಳು ಈಗಲೂ ನನ್ನಲ್ಲಿವೆ. ಲಕೋಟೆಯಿಂದ ಕಿತ್ತು ಬಂದ ಅವಕ್ಕೆ ಹೇಳಲು ಏನೂ ಉಳಿದಿಲ್ಲ.

ಬಳ್ಳಾರಿ, ರಾಯಚೂರು, ಹೊಸಪೇಟೆ, ಅದವಾನಿ, ಗುಂತಕಲ್ಲುಗಳ ಹಳೆಯ ಮನೆಯವರಲ್ಲಿ ಒಂದು ಬೇಡಿಕೆ. ಅಟ್ಟದಲ್ಲಿ ಅಜ್ಜನ ಕಾಲದ ಕಾಗದದ ಕಟ್ಟು ಇದ್ದರೆ ತೂಕಕ್ಕೆ ಹಾಕುವ ಮುನ್ನ ಒಮ್ಮೆ ಬಿಚ್ಚಿ ನೋಡಿ. ನೀಲಿ ಪಟ್ಟಿ ಇದೆಯೇ, ಹಿಂಬದಿಯ ಮೊಹರಿನಲ್ಲಿ 1932ರ ಅಕ್ಟೋಬರ್ ಇದೆಯೇ ನೋಡಿ. ಇದ್ದರೆ ಕತ್ತರಿ ಮುಟ್ಟಿಸಬೇಡಿ, ನೀರು ಸೋಕಿಸಬೇಡಿ, ಲಕೋಟೆಯನ್ನು ಇದ್ದ ಹಾಗೇ ಇಟ್ಟುಕೊಳ್ಳಿ.